ಫಿಲಿಪೀನ್ಸ್‌ನ ರಯಾನ್ ಕಯಬ್ಯಾಬ್ ಯಾರು? ಸಿನಿಮಾ ಸಂಗೀತದಲ್ಲಿ ಅವರ ಹೆಸರು ಯಾಕೆ ದೊಡ್ಡದು?

ಅಲ್ಲಿ ಎಲ್ಲರೂ ಅವರನ್ನು 'ಮಿಸ್ಟರ್ ಸಿ' ಅಂತಲೇ ಕರೆಯುತ್ತಾರೆ. ಹುಟ್ಟಿದ್ದು 1954ರಲ್ಲಿ, ಮನಿಲಾದಲ್ಲಿ. ತಾಯಿ ಆಪೆರಾ ಗಾಯಕಿ. ಮಗನಿಗೆ ಆರು ವರ್ಷ ಇದ್ದಾಗಲೇ ತೀರಿಕೊಂಡರು. ಮಕ್ಕಳು ಸಂಗೀತವನ್ನೇ ನಂಬಿ ಬದುಕುವುದು ಬೇಡ ಅನ್ನುವುದು ಅವರ ಕೊನೆಯಾಸೆ. ಹಾಗಾಗಿ ಹುಡುಗ ಮೊದಲು ಸೇರಿದ್ದು ಲೆಕ್ಕಪತ್ರದ ಓದಿಗೆ. ಆದರೆ ಮನಸ್ಸು ಪಿಯಾನೊ ಬಿಡಲಿಲ್ಲ. ಕೊನೆಗೆ ಸಂಗೀತದ ಪದವಿಯನ್ನೇ ಪಡೆದರು.

1978ರಲ್ಲಿ ಮನಿಲಾದ ಹಾಡಿನ ಸ್ಪರ್ಧೆಯೊಂದರಲ್ಲಿ ಮೊದಲ ಬಹುಮಾನ ಬಂತು. ನನಗೆ ಅದಕ್ಕಿಂತ ಜಾಸ್ತಿ ಇಷ್ಟ 1981ರ 'ಒನ್' ಆಲ್ಬಂ. ಅದರಲ್ಲಿ ವಾದ್ಯಗಳೇ ಇಲ್ಲ. ಒಂದು ದನಿ ರೆಕಾರ್ಡ್ ಮಾಡಿ, ಅದರ ಮೇಲೆ ಇನ್ನೊಂದು, ಮತ್ತೊಂದು. ಕೇಳಿದರೆ ಇಡೀ ಗಾಯಕವೃಂದವೇ ಹಾಡಿದ ಹಾಗಿರುತ್ತದೆ. ಹಾಡಿದವರು ಮಾತ್ರ ಅವರೊಬ್ಬರೇ!

ಸಿನಿಮಾಗೆ ಬಂದರೆ, 1997ರ 'ರಿಜಾಲ್ ಸಾ ಡಪಿಟಾನ್' ಚಿತ್ರಕ್ಕೆ ಸಂಗೀತ ಕೊಟ್ಟರು. ಆದರೆ ನೋಡಲೇಬೇಕಾದ್ದು 2017ರ 'ಆಂಗ್ ಲರಾವಾನ್'. ನಿಕ್ ಹ್ವಾಕಿನ್ ಅವರ ನಾಟಕದಿಂದ ಬಂದ ಕಥೆ. 1941ರ ಮನಿಲಾ, ಯುದ್ಧ ಹೊಸ್ತಿಲಲ್ಲಿದೆ. ಮದುವೆಯಾಗದ ಅಕ್ಕತಂಗಿಯರ ಮನೆಯಲ್ಲಿ ಹಣದ ಮುಗ್ಗಟ್ಟು. ಆದರೂ ಅಪ್ಪ ಬರೆದ ವರ್ಣಚಿತ್ರ ಮಾರಲು ಮನಸ್ಸಿಲ್ಲ. ಇಲ್ಲಿ ಹಾಡು ಕಥೆಯ ನಡುವೆ ಸುಮ್ನೆ ಬಂದು ಹೋಗುವುದಿಲ್ಲ. ಜಗಳ, ಸಾಲದ ಮಾತು ಕೂಡ ಹಾಡಿನಲ್ಲೇ ನಡೆಯುತ್ತದೆ. ಇದನ್ನು ಕಯಬ್ಯಾಬ್ ಮೊದಲು ರಂಗಭೂಮಿಗೆ ಮಾಡಿದ್ದರು. ತೆರೆಗೆ ಬರಲು ಇಪ್ಪತ್ತು ವರ್ಷ ಹಿಡಿಯಿತು.

2018ರಲ್ಲಿ ಅವರಿಗೆ ದೇಶದ 'ರಾಷ್ಟ್ರೀಯ ಕಲಾವಿದ' ಗೌರವ ಸಿಕ್ಕಿತು.