ಕಪುಸ್ತಿನ್ ನುಡಿಸಲು ಇಂಪ್ರೊವೈಸೇಷನ್ ಬೇಕಿಲ್ಲ

ಸಂಗೀತ ರಚನಕಾರ ನಿಕೊಲಾಯ್ ಕಪುಸ್ತಿನ್ ಅವರ ಪಿಯಾನೋ ಕೃತಿ ಓಪಸ್ 41 ವೇರಿಯೇಷನ್ಸ್ ನುಡಿಸಲು ಜಾಝ್ ಇಂಪ್ರೊವೈಸೇಷನ್ (ಬರೆದಿಡದೆ ಆಗಿಂದಾಗಲೇ ಕಟ್ಟಿ ನುಡಿಸುವುದು) ಬರಲೇಬೇಕಾ ಅಂತ ಕೇಳಿದ್ದೀರಿ. ಖಂಡಿತ ಬೇಡ. 1984ರ ಈ ಕೃತಿಯಲ್ಲಿ ಅವರು ಒಂದೊಂದು ಸ್ವರವನ್ನೂ ಬರೆದೇ ಇಟ್ಟಿದ್ದಾರೆ. ಮಾಸ್ಕೋ ಕನ್ಸರ್ವೇಟರಿಯಲ್ಲಿ ಕಲಿತು, ಲುಂಡ್‌ಸ್ಟ್ರೆಮ್ ಅವರ ಜಾಝ್ ಆರ್ಕೆಸ್ಟ್ರಾದಲ್ಲಿ ಪಿಯಾನೋ ನುಡಿಸಿದವರು ಅವರು. ಕೇಳುವವರಿಗೆ ಆಗಿಂದಾಗ ಹೊಳೆದಂತೆ ಅನಿಸಬೇಕು, ಆದರೆ ಹಾಳೆಯಲ್ಲಿ ಎಲ್ಲವೂ ಪಕ್ಕಾ. ನನಗೆ ತುಂಬಾ ಇಷ್ಟವಾಗುವುದೇ ಇದು. ಶುರುವಿನ ಥೀಮ್‌ನಲ್ಲಿ ಸ್ಟ್ರಾವಿನ್‌ಸ್ಕಿಯ 'ರೈಟ್ ಆಫ್ ಸ್ಪ್ರಿಂಗ್'ನ ಆರಂಭದಲ್ಲಿ ಬಸೂನ್ ಎಂಬ ಊದುವ ವಾದ್ಯ ನುಡಿಸುವ ರಾಗ ನೆನಪಾಗುತ್ತದೆ ಅಲ್ವಾ? ಆ ರಾಗದ ಎಳೆಯನ್ನು ಕಿವಿಯಲ್ಲಿ ಹಿಡಿದುಕೊಳ್ಳಿ.

ಕಷ್ಟ ಇರುವುದು ಲಯದಲ್ಲಿ. ಮೊದಲು ಎಡಗೈ ಒಂದನ್ನೇ ನಿಧಾನವಾಗಿ ನುಡಿಸಿ, ಮೆಟ್ರೊನೋಮ್ (ಲಯಕ್ಕೆ ಟಿಕ್ ಟಿಕ್ ಎನ್ನುವ ಸಾಧನ) ಎರಡು ಮತ್ತು ನಾಲ್ಕನೇ ಬೀಟ್‌ಗೆ ಬೀಳಲಿ. ಪೆಡಲ್ ಜಾಸ್ತಿ ಒತ್ತಬೇಡಿ, ಸಿಂಕೊಪೇಷನ್ (ಬೀಟ್ ತಪ್ಪಿಸಿ ಬೀಳುವ ಒತ್ತು) ಮಸುಕಾಗುತ್ತದೆ. ಕೊನೆಯ ಅತಿವೇಗದ ಭಾಗ ಪ್ರೆಸ್ಟೊ ಸದ್ಯಕ್ಕೆ ಬಿಡಿ. ನಿಧಾನಗತಿಯ ಲಾರ್ಗೆಟ್ಟೊದಿಂದ ಶುರು ಮಾಡಿ.