ಚೂರಲ್‌ಮಲೆಯ ಬೈಲಿ ಸೇತುವೆ

ಪ್ರಶ್ನೆ: ವಯನಾಡಿನ ಭೂಕುಸಿತದ ವೇಳೆ ಸೇನೆ ಚೂರಲ್‌ಮಲೆಯಲ್ಲಿ ಅಷ್ಟು ಬೇಗ ಸೇತುವೆ ಕಟ್ಟಿದ್ದು ಹೇಗೆ? ಅದು ಎಷ್ಟು ಭಾರ ತಡೆಯುತ್ತದೆ?

ಉತ್ತರ: ಅದು ಬೈಲಿ ಸೇತುವೆ. ಎರಡನೇ ಮಹಾಯುದ್ಧದ ಹೊತ್ತಿಗೆ ಬ್ರಿಟಿಷ್ ಎಂಜಿನಿಯರ್ ಡೊನಾಲ್ಡ್ ಬೈಲಿ ರೂಪಿಸಿದ ವಿನ್ಯಾಸ. ಬೆಂಗಳೂರಿನಲ್ಲಿ ನೆಲೆಯಿರುವ ಮದ್ರಾಸ್ ಎಂಜಿನಿಯರ್ ಗ್ರೂಪ್‌ನವರು 2024ರ ಜುಲೈ 31ರಂದು ಜೋಡಣೆ ಶುರುಮಾಡಿ ಆಗಸ್ಟ್ 1ರ ಸಂಜೆಗೆ ಮುಗಿಸಿದರು. ಉದ್ದ 190 ಅಡಿ, ಭಾರದ ಮಿತಿ 24 ಟನ್.

ಇದರ ಜೀವಾಳ 10 ಅಡಿ ಉದ್ದದ ಉಕ್ಕಿನ ಪ್ಯಾನೆಲ್. ತೂಕ ಸುಮಾರು 260 ಕೆ.ಜಿ.; ಆರು ಜನ ಹೊರಬಹುದು. ಪ್ಯಾನೆಲ್‌ಗಳನ್ನು ಪಿನ್ ಹೊಡೆದು ಜೋಡಿಸುತ್ತಾರೆ, ವೆಲ್ಡಿಂಗ್ ಬೇಕಿಲ್ಲ. ಸಾಮಾನ್ಯ ಕ್ರಮವೆಂದರೆ, ಒಂದು ದಡದಲ್ಲೇ ರೋಲರ್ ಮೇಲೆ ಕಟ್ಟುತ್ತಾ ಆಚೆ ದಡಕ್ಕೆ ತಳ್ಳುವುದು. ಮುಂದಿನ ತುದಿಗೆ ಹಲಗೆಯಿಲ್ಲದ ಹಗುರ ‘ಮೂಗು’ ಇರುತ್ತದೆ. ಮೂಗು ಆಚೆ ದಡ ಮುಟ್ಟುವ ಮೊದಲೇ ಗುರುತ್ವ ಕೇಂದ್ರ ರೋಲರ್ ದಾಟಿತೋ, ಇಡೀ ಸೇತುವೆ ಹೊಳೆಗೆ ಮಗುಚುತ್ತದೆ! ಹಾಗಾಗಿ ಹಿಂಭಾಗವೇ ಭಾರವಾಗಿರಬೇಕು.

ಬಳಕೆಯಲ್ಲಿ ಮೊದಲು ಸವೆಯುವುದು ಪಿನ್ ಮತ್ತು ಅದರ ತೂತು. ಅಲ್ಲಿ ಸಡಿಲವಾದರೆ ಸೇತುವೆ ನಡುವೆ ಜೋಲುತ್ತದೆ. ಅಡ್ಡತೊಲೆಗಳ ಕ್ಲ್ಯಾಂಪ್‌ಗಳನ್ನೂ ಆಗಾಗ ಬಿಗಿ ಮಾಡಬೇಕು. ನಮಗೆ ಕೇಳಿದರೆ, ಉಕ್ಕಿಗಿಂತ ಹೆಚ್ಚು ಕಣ್ಣಿಡಬೇಕಾದ್ದು ದಡದ ಮೇಲೆ: ಪ್ರವಾಹ ಮಣ್ಣು ಕೊರೆದರೆ ಸೇತುವೆಯ ಬುಡವೇ ಕುಸಿಯುತ್ತದೆ.