ಅರ್ಧ ಅರ್ಥವಾದ್ರೂ ಕಿವಿ ಬಿಡಲ್ಲ

ಪ್ರಶ್ನೆ: ಟರ್ಕಿಶ್ ಸೀರಿಯಲ್ ನೋಡಿ ನೋಡಿ ಈಗ ಆ ಭಾಷೆಯ ಲವ್ ಸ್ಟೋರಿ ಆಡಿಯೋ ಕೇಳೋ ಚಟ ಹತ್ಕೊಂಡಿದೆ. ಅರ್ಧಂಬರ್ಧ ಅರ್ಥ ಆಗತ್ತೆ ಅಷ್ಟೇ, ಆದ್ರೂ ಬಿಡಕ್ಕಾಗ್ತಿಲ್ಲ, ಯಾಕೆ?

ಉತ್ತರ: ಚಟ ಅಂತ ಬೈಕೋಬೇಡಿ ಮಾರಾಯ್ರೇ! ಟರ್ಕಿಶ್‌ನಲ್ಲಿ ಒಂದು ಪದದೊಳಗಿನ ಸ್ವರಗಳು ಸಾಮಾನ್ಯವಾಗಿ ಒಂದಕ್ಕೊಂದು ಹೊಂದ್ಕೊಂಡೇ ಬರತ್ವೆ, ಪ್ರತ್ಯಯಗಳೂ ಅದೇ ಸ್ವರಕ್ಕೆ ತಕ್ಕಂಗೆ ಬದಲಾಗತ್ವೆ, ಅದಕ್ಕೇ ಉದ್ದುದ್ದ ಪದಾನೂ ಎಡವದೆ ಹಾಡಿನ ಥರ ಹರಿಯತ್ತೆ. ಜೊತೆಗೆ ನಮ್ಮ ಹಾಗೇ ಕ್ರಿಯಾಪದ ಕೊನೆಗೆ, 'ಇಲ್ಲ' ಅನ್ನೋದೂ ಅದರೊಳಗೇ, ಹಾಗಾಗಿ ಹೀರೋ ಪ್ರೀತಿಸ್ತೀನಿ ಅಂತಾನೋ ಪ್ರೀತಿಸಲ್ಲ ಅಂತಾನೋ ಅಂತ ವಾಕ್ಯ ಮುಗಿಯೋವರ್ಗೂ ಉಸಿರು ಹಿಡ್ಕೊಂಡಿರ್ಬೇಕು (ಕನ್ನಡದವ್ರಿಗೆ ಇದು ಸುಲಭವಾಗಿ ಹಿಡಿಸೋದು ಅದಕ್ಕೇ ಇರ್ಬೇಕು).

ಇನ್ನೊಂದು, ಕಾಫಿ ಅಂಗಡೀಲಿ ಕೂತು ಒಬ್ಬನೇ ಎಲ್ಲಾ ಪಾತ್ರಗಳ ದನಿ ಮಾಡಿ ಕಥೆ ಹೇಳೋ 'ಮೆದ್ದಾಹ್' ಕಲೆ ಅಲ್ಲಿನ ಹಳೇ ಸಂಪ್ರದಾಯ, 2008ರಲ್ಲಿ ಯುನೆಸ್ಕೋ ಪಟ್ಟಿಗೂ ಸೇರಿದೆ.

ಪಠ್ಯ ಸಿಕ್ರೆ ಜೊತೆಗೇ ಓದಿ. 1928ರಿಂದ ಲಿಪಿ ಲ್ಯಾಟಿನ್, ಬರೆದಂಗೇ ಹೆಚ್ಚುಕಮ್ಮಿ ಓದೋದು, ಬೇಗ ಹಿಡಿಯತ್ತೆ. ಆದ್ರೆ ಕಥೇಲಿರೋ ಪ್ರೇಮದ ಮಾತನ್ನ ಅಲ್ಲಿನವ್ರ ಹತ್ರ ಹಂಗೇ ಪ್ರಯೋಗ ಮಾಡ್ಬೇಡಿ, ಗ್ರಾಮರ್ ಸರಿ ಇದ್ರೂ ಫಜೀತಿ ಆಗ್ಬೋದು!